ದತ್ತಣ್ಣನ ರ‍್ಯಾಂಕ್ ಕೇಳಿದ್ದು ಸಾಕು, ನಟನೆ ಬಗ್ಗೆ ಕೇಳಿ

ಈಗಷ್ಟೇ ಯೂಟ್ಯೂಬ್‌ನಲ್ಲಿ ಎಚ್.ಜಿ. ದತ್ತಾತ್ರೇಯ, ಅಂದ್ರೆ ನಮ್ಮ ದತ್ತಣ್ಣನವರ ಸಂದರ್ಶನ ನೋಡಿದೆ. ಸಿಟ್ಟು ಇನ್ನೂ ಇಳಿದಿಲ್ಲ. ಮತ್ತೆ ಅದೇ ಪ್ರಶ್ನೆಗಳು! ಎಸ್ಸೆಸ್ಸೆಲ್ಸಿಯಲ್ಲಿ ರಾಜ್ಯಕ್ಕೇ ಮೊದಲ ರ‍್ಯಾಂಕ್ ಬಂದದ್ದು, ವಾಯುಪಡೆಯಲ್ಲಿ ವಿಂಗ್ ಕಮಾಂಡರ್ ಆಗಿದ್ದದ್ದು, ಮದುವೆ ಆಗದೇ ಇದ್ದದ್ದು. ಎದುರಿಗೆ ಅಂಥ ನಟ ಕೂತಿದ್ದಾರೆ, ನಟನೆ ಬಗ್ಗೆ ಒಂದೇ ಒಂದು ನೆಟ್ಟಗಿನ ಪ್ರಶ್ನೆ ಇಲ್ಲ.

ಚಿತ್ರದುರ್ಗದ ಹುಡುಗ ಓದಿ ಅಷ್ಟೆತ್ತರಕ್ಕೆ ಹೋದದ್ದು ಮಕ್ಕಳಿಗೆ ಮಾದರಿಯಲ್ವಾ ಅಂತ ಕೇಳುವವರಿದ್ದಾರೆ. ಹೌದು ಸ್ವಾಮಿ, ಮಾದರಿಯೇ. ಆದರೆ ರ‍್ಯಾಂಕ್ ಬಂದವರು, ಯೂನಿಫಾರ್ಮ್ ಹಾಕಿದವರು ಬೇಕಾದಷ್ಟು ಜನ ಇದ್ದಾರೆ. ಐವತ್ತರ ಹತ್ತಿರ ಬಂದು ಸಿನಿಮಾಕ್ಕೆ ಕಾಲಿಟ್ಟು 'ಮುನ್ನುಡಿ'ಗೆ ರಾಷ್ಟ್ರಪ್ರಶಸ್ತಿ ತಂದವರು ಎಷ್ಟು ಜನ ಇದ್ದಾರೆ? ಆ ಸಿನಿಮಾದಲ್ಲಿ ಅವರು ಕರಾವಳಿಯ ಮುಸ್ಲಿಂ ಹಿರಿಯ. ಬಯಲುಸೀಮೆಯಿಂದ ಬಂದವರು ಆ ಮನುಷ್ಯನನ್ನು ಹೇಗೆ ಹಿಡಿದರು? ಇದನ್ನು ಕೇಳಬೇಕು ಅಂತ ಯಾರಿಗೂ ಅನ್ನಿಸೋದೇ ಇಲ್ವಾ?

'ಮಾಯಾಮೃಗ' ಬರುತ್ತಿದ್ದ ಕಾಲದಲ್ಲಿ ನಮ್ಮ ಮನೆಯಲ್ಲಿ ಅವರು ನೆಂಟರೇ ಆಗಿಹೋಗಿದ್ದರು. ಧಾರಾವಾಹಿಯಲ್ಲಿ ಬೆಳಗಿಂದ ಸಂಜೆವರೆಗೆ ಸೀನ್ ಮೇಲೆ ಸೀನ್ ತೆಗೀತಾರೆ. ಆ ಗಡಿಬಿಡಿಯಲ್ಲೂ ಮಾತನ್ನು ಮನೆ ಮಾತಿನ ಹಾಗೆ ಆಡೋದು ಸುಮ್ನೆ ಬರುತ್ತಾ?

ಇನ್ನು 'ಭಾರತ್ ಸ್ಟೋರ್ಸ್' ಸಿನಿಮಾ. ನಮ್ಮಪ್ಪ ಕಿರಾಣಿ ಅಂಗಡಿ ಮುಚ್ಚಿದ್ದು ಇಲ್ಲಿರುವ ಹಳೆಯ ಗೆಳೆಯರಿಗೆ ಗೊತ್ತು. ಗಿರಾಕಿ ಇಲ್ಲದ ಮಧ್ಯಾಹ್ನಗಳಲ್ಲಿ ಅಪ್ಪ ಒರೆಸಿದ ತಕ್ಕಡಿಯನ್ನೇ ಮತ್ತೆ ಒರೆಸುತ್ತಾ ರಸ್ತೆ ನೋಡುತ್ತಾ ಕೂರುತ್ತಿದ್ದರು, ನಾವು ಮಾತಾಡಿಸಿದರೆ ಏನೂ ಆಗೇ ಇಲ್ಲ ಅನ್ನೋ ಹಾಗೆ ಊಟ ಆಯ್ತಾ ಅಂತ ಕೇಳುತ್ತಿದ್ದರು. ದೊಡ್ಡ ದೊಡ್ಡ ಮಳಿಗೆಗಳು ಬಂದು ದತ್ತಣ್ಣನ ಗೋವಿಂದ ಶೆಟ್ಟಿಯ ಅಂಗಡಿ ಸೊರಗೋದನ್ನು ನೋಡ್ತಾ ನನಗೆ ಕೂರಲಿಕ್ಕಾಗಲಿಲ್ಲ. ಆ ಮರ್ಯಾದಸ್ಥ ಮುಖ, ಒಳಗೆ ಕುಸಿಯುತ್ತಿದ್ದರೂ ದನಿ ಏರಿಸದ ಆ ಮನುಷ್ಯ. ಅಪ್ಪನಿಗೆ ಹೇಳಲಿಕ್ಕೆ ಆಗದೇ ಇದ್ದದ್ದನ್ನು ನಾನು ಅಲ್ಲಿ ನೋಡಿದೆ. ಇದಕ್ಕೂ ರ‍್ಯಾಂಕಿಗೂ ಏನು ಸಂಬಂಧ?

2016ರ 'ನೀರ್ ದೋಸೆ'ಯಲ್ಲಿ ಜಗ್ಗೇಶ್ ಜೊತೆ ಬೇರೆಯೇ ಮನುಷ್ಯ. 2019ರಲ್ಲಿ, ಎಪ್ಪತ್ತೇಳರ ಹೊತ್ತಿಗೆ, ಹಿಂದಿಯ 'ಮಿಷನ್ ಮಂಗಲ್'ನಲ್ಲಿ ಹಿರಿಯ ವಿಜ್ಞಾನಿ. ಅದು ಬಂದ ಮೇಲೆ ನಮ್ಮವರೇ ಕೆಲವರು "ಯಾರ್ರೀ ಆ ಅಜ್ಜ, ಚೆನ್ನಾಗಿ ಮಾಡಿದ್ದಾರೆ" ಅಂದರು. ಹೊಟ್ಟೆ ಉರಿಯಿತು. ಅಷ್ಟು ವರ್ಷ ಕನ್ನಡದಲ್ಲೇ ಇದ್ದರಲ್ಲ ಮಾರಾಯ್ರೇ!

ಮುಂದಿನ ಸಲ ಅವರ ಎದುರು ಮೈಕ್ ಹಿಡಿಯುವವರು ದಯವಿಟ್ಟು ಹಿಂದಿನ ರಾತ್ರಿ ಒಂದು ಸಿನಿಮಾನಾದರೂ ನೋಡಿಕೊಂಡು ಹೋಗಿ. ಗೋವಿಂದ ಶೆಟ್ಟಿಗೆ ಯಾವ ಅಂಗಡಿಯವರನ್ನು ಗಮನಿಸಿದಿರಿ ಸಾರ್ ಅಂತ ಕೇಳಿ. ಉತ್ತರ ಕೇಳಲಿಕ್ಕೆ ನಾನಂತೂ ಕಾಯ್ತಾ ಇದ್ದೇನೆ.