ಡಬ್ಬಲ್ ಉಂಟಲ್ಲ, ಒಂದು ಸಾಕು

ಕಂಪ್ಯೂಟರಿನಲ್ಲಿ ಒಂದು ಸಣ್ಣ ಪೆಟ್ಟಿಗೆ ಮೂಡುತ್ತದೆ ನೋಡಿ. 'ವಿಸಿರನ್‌ಟೈಮ್140 ಡಾಟ್ ಡಿಎಲ್‌ಎಲ್ ಸಿಗಲಿಲ್ಲ. ಪ್ರೋಗ್ರಾಂ ಇನ್ನೊಮ್ಮೆ ಇನ್‌ಸ್ಟಾಲ್ ಮಾಡಿದರೆ ಸರಿಯಾದರೂ ಆದೀತು.' ಕೆಳಗೆ ಒಂದೇ ಬಟನ್. ಓಕೆ. ಎಂತ ಓಕೆ ಮಾರಾಯ್ರೆ? ಹರಕೆಯ ಯಕ್ಷಗಾನ ಆಟದ ಹ್ಯಾಂಡ್‌ಬಿಲ್ಲಿಗೆ ಬ್ರಹ್ಮಾವರದಿಂದ ಬಂದ ಗಿರಾಕಿ ಹೆಲ್ಮೆಟ್ ಕೂಡ ತೆಗೆಯದೆ ಎದುರು ನಿಂತಿದ್ದಾರೆ. ಡಿಸೈನ್ ಸಾಫ್ಟ್‌ವೇರ್ ಬಾಯಿ ಬಿಡುವುದಿಲ್ಲ. ಅದಕ್ಕೆ ನಾನು ಓಕೆ ಅನ್ನಬೇಕಂತೆ!

ನಮ್ಮದು ಉಡುಪಿಯ ಕಲ್ಸಂಕದ ಹತ್ತಿರ ಚಿಕ್ಕ ಡಿಟಿಪಿ ಅಂಗಡಿ. ಹಿಂದಿನ ಸಂಜೆಯವರೆಗೆ ಎಲ್ಲ ಸರಿ ಇತ್ತು. ಆಮೇಲೆ ಭಾವ ಬಂದಿದ್ದರು.

ಭಾವ ಅಂದರೆ ಅಕ್ಕನ ಗಂಡ. ಬ್ಯಾಂಕಿನಲ್ಲಿದ್ದು ರಿಟೈರ್ ಆದವರು. ಒಂದೇ ತರದ ಎರಡು ವಸ್ತು ಕಂಡರೆ ಅವರ ಕೈ ಸುಮ್ನೆ ಕೂರುವುದಿಲ್ಲ. "ಡಬ್ಬಲ್ ಉಂಟಲ್ಲ, ಒಂದು ಸಾಕು." ಅಕ್ಕನ ತುರಿಮಣೆ ಗುಜರಿಗೆ ಹೋದದ್ದು ಹಾಗೆ. ಜೂನ್ ತಿಂಗಳಲ್ಲಿ, ಹೊರಗೆ ಧೋ ಅಂತ ಸುರಿಯುವಾಗ, ಮನೆಯ ಎರಡನೇ ಕೊಡೆಯನ್ನು ಹಾಲಿನವನಿಗೆ ಕೊಟ್ಟು ಕಳಿಸಿದವರು ಇವರು. ನಮ್ಮಲ್ಲಿಗೆ ಬಂದಾಗ ಒಮ್ಮೆ ಎರಡು ಉಪ್ಪಿನಕಾಯಿ ಭರಣಿಗಳನ್ನು ಒಂದಕ್ಕೇ ಸುರಿದರು. ಒಂದು ಮಾವಿನ ಮಿಡಿಯದ್ದು, ಇನ್ನೊಂದು ಅಂಬಟೆಯದ್ದು. ನನ್ನ ಹೆಂಡತಿ ಮುಖ ನೋಡಿದರೆ, "ಎರಡೂ ಉಪ್ಪಿನಕಾಯಿಯೇ ಅಲ್ವಾ?"

ಅಂಥವರ ಕೈಗೆ ಕಂಟ್ರೋಲ್ ಪ್ಯಾನಲ್ ಸಿಕ್ಕಿದೆ. ಅಲ್ಲಿ 'ವಿಷುವಲ್ ಸಿ ಪ್ಲಸ್ ಪ್ಲಸ್ ರಿಡಿಸ್ಟ್ರಿಬ್ಯೂಟೆಬಲ್' ಅಂತ ಒಂದೇ ಹೆಸರು ಸಾಲಾಗಿ ಕೂತಿರುತ್ತದೆ. ಪ್ರೋಗ್ರಾಂಗಳಿಗೆ ಬೇಕಾದ ಡಿಎಲ್‌ಎಲ್ ಫೈಲುಗಳನ್ನು ತಂದು ಹಾಕುವ ಮೈಕ್ರೋಸಾಫ್ಟಿನ ಕಟ್ಟುಗಳು ಅವು. 2008, 2010, 2012, 2013, 2015–2022. ಸಾಲದ್ದಕ್ಕೆ ಎಕ್ಸ್86, ಎಕ್ಸ್64 ಅಂತ, ಅಂದರೆ 32 ಬಿಟ್‌ಗೆ ಒಂದು, 64 ಬಿಟ್‌ಗೆ ಒಂದು, ಜೋಡಿ ಬೇರೆ. ಭಾವನಿಗೆ ದೀಪಾವಳಿ! ಹಳೆಯದು ಗಟ್ಟಿ ಅಂತ 2008ರದ್ದು ಒಂದನ್ನು ಇಟ್ಟುಕೊಂಡು ಉಳಿದವನ್ನೆಲ್ಲ ಕಿತ್ತು ಹಾಕಿದ್ದಾರೆ. ಹೋಗುವಾಗ, "ನಿನ್ನ ಕಂಪ್ಯೂಟರ್ ಈಗ ಹಗುರ ಆಯ್ತು ಮಾರಾಯ" ಅಂತ ಸರ್ಟಿಫಿಕೇಟ್ ಬೇರೆ.

ಫೋನ್ ಮಾಡಿ ಬಿಡಿಸಿ ಹೇಳಿದೆ. "ಭಾವ, ಡಿಎಲ್‌ಎಲ್ ಅಂದರೆ ದೇವಸ್ಥಾನದ ದೊಡ್ಡ ಕಡಾಯಿ ಇದ್ದ ಹಾಗೆ. ಊಟ ಹಾಕಿಸುವ ಪ್ರತಿ ಮನೆಯವರೂ ಹೊಸತು ಕೊಳ್ಳುವುದಿಲ್ಲ. ಬೇಕಾದವರು ಅದನ್ನೇ ತರುತ್ತಾರೆ. ಹಾಗೆಯೇ ಬೇರೆ ಬೇರೆ ಪ್ರೋಗ್ರಾಂಗಳು ಒಂದೇ ಫೈಲನ್ನು ಬಳಸುತ್ತವೆ. ಡಿಸ್ಕಲ್ಲಿ ಜಾಗ ಉಳಿಯುತ್ತದೆ, ಮೆಮೊರಿಯೂ ಉಳಿಯುತ್ತದೆ."

ಅವರು ಹೂಂ ಹೂಂ ಅಂತ ಕೇಳಿದರು. ಆಮೇಲೆ, "ಮತ್ತೆ ನಾನು ಹೇಳಿದ್ದೂ ಅದೇ ಅಲ್ವಾ? ಎಲ್ಲರಿಗೂ ಒಂದು ಸಾಕು."

ವಿಷುವಲ್ ಸಿ ಪ್ಲಸ್ ಪ್ಲಸ್ 2013ರಲ್ಲಿ ಕಟ್ಟಿದ ಪ್ರೋಗ್ರಾಂ 2013ರ ಫೈಲನ್ನೇ ಕೇಳುತ್ತದೆ, 2012ರದ್ದು ಕೊಟ್ಟರೆ ಆಗುವುದಿಲ್ಲ ಅಂದೆ. "ಜಂಬ ಅದಕ್ಕೆ" ಅಂದರು. 2015ರಿಂದ 2022ರವರೆಗಿನದ್ದನ್ನು ಮಾಡಿದವರೇ ಒಟ್ಟು ಸೇರಿಸಿ ಒಂದು ಮಾಡಿದ್ದಾರೆ ಅಂತ ಬಾಯಿ ತಪ್ಪಿ ಹೇಳಿಬಿಟ್ಟೆ. "ನೋಡು! ಅವರಿಗೂ ಬುದ್ಧಿ ಬಂತು." ಇನ್ನು ಎಂತ ಹೇಳುವುದು?

ಅಷ್ಟರಲ್ಲಿ ಅಂಗಡಿಯ ಹುಡುಗ ಯಾವುದೋ ಕಂಡುಕೇಳರಿಯದ ಸೈಟಿನಿಂದ ಆ ಒಂದು ಡಿಎಲ್‌ಎಲ್ ಮಾತ್ರ ಇಳಿಸಿ ಸಿಸ್ಟಮ್32 ಫೋಲ್ಡರಿಗೆ ತುಂಬಿದ್ದ. ಈಗ ಬೇರೆ ಪೆಟ್ಟಿಗೆ, 0ಎಕ್ಸ್‌ಸಿ000007ಬಿ. ಅವನು ತಂದದ್ದು 32 ಬಿಟ್‌ನದ್ದು. ಸಿಸ್ಟಮ್32ರಲ್ಲಿ 32ರದ್ದು ಹಾಕಿದ್ದೇನಲ್ಲ ಅಂತ ಅವನ ವಾದ. ಪಾಪ, ಅವನನ್ನು ಬೈದು ಪ್ರಯೋಜನವಿಲ್ಲ. 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಅಂತ ಬೋರ್ಡು ಹಾಕಿದಲ್ಲಿ 64 ಬಿಟ್‌ನ ಫೈಲುಗಳಿರುತ್ತವೆ. 32 ಬಿಟ್‌ನವು ಎಲ್ಲಿ? ಸಿಸ್‌ವಾವ್64ರಲ್ಲಿ! ಹೆಸರಿಟ್ಟ ಪುಣ್ಯಾತ್ಮರನ್ನು ಒಮ್ಮೆ ಕಾಣಬೇಕಿತ್ತು.

ರಿಪೇರಿಯವನಿಗೆ ಫೋನ್ ಮಾಡಿದರೆ ಅವನದ್ದು ಒಂದೇ ಕಷಾಯ. "ಫಾರ್ಮ್ಯಾಟ್ ಹೊಡೆದು ಬಿಡುವಾ."

ಕೊನೆಗೆ ಹುಡುಗ ತಂದದ್ದನ್ನು ಅಳಿಸಿ, ಅಸಲಿ ಜಾಗದಿಂದಲೇ, ಅಂದರೆ ಮೈಕ್ರೋಸಾಫ್ಟಿನ ಸೈಟಿನಿಂದ, 2015–2022ರದ್ದರ ಎಕ್ಸ್86, ಎಕ್ಸ್64 ಎರಡೂ ಇಳಿಸಿ ಹಾಕಿದೆ. ಸಾಫ್ಟ್‌ವೇರ್ ಏನೂ ಆಗದ ಹಾಗೆ ತೆರೆದುಕೊಂಡಿತು. ಗಿರಾಕಿ ಯಾವಾಗಲೋ ಹೋಗಿದ್ದರು.

ಭಾವನ ಮೇಲೆ ಜಾಸ್ತಿ ಸಿಟ್ಟು ಮಾಡಲೂ ಆಗುವುದಿಲ್ಲ. ಒಂದೇ ಎಂಟ್ರಿ ಎರಡು ಸಲ ಬಿದ್ದರೆ ರಾತ್ರಿಯಾದರೂ ಲೆಜರ್ ಬಿಟ್ಟು ಏಳದವರು. ಈಗ ಟ್ಯಾಲಿ ಮಾಡಿಕೊಡಿ ಅಂತ ಅವರನ್ನು ಯಾರೂ ಕರೆಯುವುದಿಲ್ಲ. ಸಂಜೆ ನಮ್ಮ ಅಂಗಡಿಗೆ ಬಂದು ಕೂರುತ್ತಾರೆ, ಅಷ್ಟೇ.

ಹಾಗಾಗಿ ಅವರಿಗೆ ಬೇರೆ ಲಾಗಿನ್ ಮಾಡಿಕೊಟ್ಟೆ. ಅದರಲ್ಲಿ ಇಂಥದ್ದಕ್ಕೆಲ್ಲ ಕೈ ಹಾಕಿದರೆ ನನ್ನ ಪಾಸ್‌ವರ್ಡ್ ಕೇಳುತ್ತದೆ. ಮೊನ್ನೆ ಕನ್ನಡಕ ಏರಿಸಿ ಸ್ಕ್ರೀನ್ ನೋಡಿದರು. ನನ್ನ ಹೆಸರು, ಕೆಳಗೆ ಅವರ ಹೆಸರು.

"ಇದೆಂತ ಮಾರಾಯ, ಲಾಗಿನ್ ಎರಡೆರಡು ಉಂಟಲ್ಲ?"