ಮೋತಮ ಪುರಾಣ

ಮೌಸ್ ಹಿಡಿಯುವುದೆಂದರೆ ಶುದ್ಧ ಕಾಲಹರಣ ಎಂಬ ಜ್ಞಾನೋದಯ ನನಗಾದದ್ದು ಒಂದು ದೊಡ್ಡ ವರದಿ ಬರೆದು ಮುಗಿಸಬೇಕಿದ್ದ ವಾರದಲ್ಲಿ. ಇಂಥ ಜ್ಞಾನೋದಯಗಳು ಬಿಡುವಿದ್ದಾಗ ಆಗುವುದೇ ಇಲ್ಲ. ವರದಿಯನ್ನು ಬದಿಗಿಟ್ಟು, ಕೀಲಿಮಣೆಯಿಂದಲೇ ಆ್ಯಪ್‌ಗಳನ್ನು ತೆರೆಯುವ ಲಾಂಚರ್ ಒಂದನ್ನು ಇಳಿಸಿಕೊಂಡೆ. ಆಲ್ಟ್ ಮತ್ತು ಸ್ಪೇಸ್ ಕೀಲಿಗಳನ್ನು ಒಟ್ಟಿಗೆ ಒತ್ತಿದರೆ ಪರದೆಯ ನಡುವೆ ಉದ್ದನೆಯ ಪೆಟ್ಟಿಗೆಯೊಂದು ಮೂಡುತ್ತದೆ. ಬೇಕಾದ ಆ್ಯಪ್‌ನ ಹೆಸರಿನ ಎರಡು ಮೂರು ಅಕ್ಷರ ಟೈಪ್ ಮಾಡಿ ಎಂಟರ್ ಒತ್ತಿದರೆ ಅದು ಕೈಕಟ್ಟಿಕೊಂಡು ಎದುರು ನಿಲ್ಲುತ್ತದೆ. ಮ್ಯಾಕ್ ಬಳಸುವವರು 2005ರಲ್ಲಿ ಸ್ಪಾಟ್‌ಲೈಟ್ ಎಂಬ ಇಂಥದ್ದೇ ಹುಡುಕುಪೆಟ್ಟಿಗೆ ಬಂದಾಗಿನಿಂದ ಈ ಸುಖ ಉಂಡವರು. ನಾನೇ ತಡ.

ಮೊದಲ ದಿನ ಬಣ್ಣಕ್ಕೆ ಹೋಯಿತು. ಇದ್ದ ಬಣ್ಣ ಚೆನ್ನಾಗಿಯೇ ಇತ್ತು, ಆದರೆ ಅದು ನನ್ನ ಆಯ್ಕೆಯಲ್ಲವಲ್ಲ! ಎರಡನೆಯ ದಿನ ನಾಮಕರಣ. ಕ್ಯಾಲೆಂಡರ್‌ಗೆ ‘ಸಿ, ಎನ್’ ಎಂಬ ಇಂಗ್ಲಿಷಿನ ಎರಡೇ ಅಕ್ಷರ ಸಾಕೆಂದು ಗೊತ್ತುಪಡಿಸಿ, ಪ್ರತಿ ಸಲವೂ ಆರಕ್ಷರ ಉಳಿಯಿತಲ್ಲ ಎಂದು ಹಿಗ್ಗಿದೆ. ಹೀಗೆ ನಲವತ್ತು ಸಂಕ್ಷೇಪಗಳಾದವು. ಅಷ್ಟೂ ನೆನಪಿನಲ್ಲಿ ಉಳಿಯುವಂತಿರಲಿಲ್ಲವಾದ್ದರಿಂದ ಒಂದು ಚೀಟಿಯಲ್ಲಿ ಬರೆದು ಮಾನಿಟರಿನ ಕೆಳಗೆ ಅಂಟಿಸಿದೆ. ಚೀಟಿಯಲ್ಲಿ ಬೆರಳಿಟ್ಟು ಹುಡುಕುವ ಹೊತ್ತಿಗೆ ಮೌಸ್‌ನಿಂದ ಆ ಆ್ಯಪ್ ಅನ್ನು ಎರಡು ಬಾರಿ ತೆರೆಯಬಹುದಿತ್ತು ಎಂಬುದು ಬೇರೆ ವಿಷಯ.

ಆಲ್ಟ್‌ನ ಮಗ್ಗುಲಲ್ಲೇ ವಿಂಡೋಸ್ ಕೀಲಿ ಕುಳಿತಿದೆ. ಅದನ್ನು ಸ್ಪೇಸ್ ಜೊತೆ ಒತ್ತಿದರೆ ಲಾಂಚರ್ ಬರುವುದಿಲ್ಲ, ಕೀಲಿಮಣೆಯ ಭಾಷೆ ಬದಲಾಗುತ್ತದೆ. ನನ್ನದರಲ್ಲಿ ಇಂಗ್ಲಿಷಿನ ನಂತರದ ಸರದಿ ಇನ್‌ಸ್ಕ್ರಿಪ್ಟ್ ಕನ್ನಡದ್ದು, ಅಂದರೆ ಇಂಗ್ಲಿಷ್ ಉಚ್ಚಾರಣೆಯ ಹಂಗಿಲ್ಲದೆ ಒಂದೊಂದು ಕೀಲಿಗೂ ತನ್ನದೇ ಕನ್ನಡ ಅಕ್ಷರವಿರುವ ವಿನ್ಯಾಸ. ಬೆರಳು ಹೀಗೆ ಜಾರಿ ಭಾಷೆ ಬದಲಾದದ್ದು ಗಮನಕ್ಕೆ ಬಾರದೆ, ಇನ್ನೊಮ್ಮೆ ಆಲ್ಟ್ ಮತ್ತು ಸ್ಪೇಸ್ ಒತ್ತಿ, ಕ್ಯಾಲ್ಕುಲೇಟರ್ ಬೇಕೆಂದು ಸಿ, ಎ, ಎಲ್, ಸಿ ಕೀಲಿಗಳನ್ನು ಕುಟ್ಟಿದೆ. ಪೆಟ್ಟಿಗೆಯಲ್ಲಿ ಮೂಡಿದ್ದು ‘ಮೋತಮ’. ಯಾವುದೋ ಪುರಾಣ ಕೈಬಿಟ್ಟ ಋಷಿಯ ಹೆಸರಿನಂತಿತ್ತು. ಅಂಥ ಆ್ಯಪ್ ಇಲ್ಲದ್ದರಿಂದ ಲಾಂಚರ್ ಬ್ರೌಸರ್ ತೆರೆದು, ಆ ಋಷಿಯನ್ನು ಅಂತರ್ಜಾಲದಲ್ಲಿ ಹುಡುಕಲು ಹೊರಟಿತು. ಮೇಲ್ ತೆರೆಯಲು ಎಂ, ಎ, ಐ, ಎಲ್ ಒತ್ತಿದರೆ ‘ಸೋಗತ’ ಎಂದಿತು, ಹಲ್ಲುಸೆಟ್ಟು ಮರೆತು ಬಂದವರು ಸ್ವಾಗತ ಕೋರಿದ ಹಾಗೆ. ಬೆರಳನ್ನು ತಿದ್ದುವುದಕ್ಕಿಂತ ಯಂತ್ರವನ್ನು ತಿದ್ದುವುದು ಸುಲಭವೆನಿಸಿ, ಮೋತಮ, ಸೋಗತ ಎರಡನ್ನೂ ಸಂಕ್ಷೇಪಗಳ ಪಟ್ಟಿಗೆ ಸೇರಿಸಿಬಿಟ್ಟೆ.

ಅನಾಹುತ ಬಂದದ್ದು ಮಾತ್ರ ಆ ‘ಸಿ, ಎನ್’ ಕಡೆಯಿಂದ. ಹಿಂದಿನ ರಾತ್ರಿ ಸೆಟ್ಟಿಂಗ್ಸ್ ಕಡತವನ್ನು ಕೆದಕುವಾಗ ಎಲ್ಲೋ ಒಂದು ಅಲ್ಪವಿರಾಮವನ್ನು ಅಳಿಸಿದ್ದೆ. ಅಷ್ಟಕ್ಕೇ ಆ ಕಡತವನ್ನು ಓದಲಾಗದೆ ಬೆಳಿಗ್ಗೆ ಲಾಂಚರ್ ಏಳಲೇ ಇಲ್ಲ, ನನಗದು ಗೊತ್ತೂ ಆಗಲಿಲ್ಲ. ಎದುರಿಗೆ ವರದಿ. ಅದೂ ವೇಗದ ಆಸೆಗೆ, ತಾನಾಗಿ ಉಳಿಸುವ ಸೌಕರ್ಯವಿಲ್ಲದ ಬಡಪಾಯಿ ಎಡಿಟರಿನಲ್ಲಿ ಬರೆದದ್ದು. ನಾಲ್ಕು ಪುಟವಾದ ಮೇಲೆ, ಒಪ್ಪಿಸುವ ದಿನ ಯಾವುದೆಂದು ನೋಡಲು ಆಲ್ಟ್, ಸ್ಪೇಸ್, ಸಿ, ಎನ್ ಎಂದು ಪಟಪಟನೆ ಒತ್ತಿದೆ. ಲಾಂಚರ್ ಇಲ್ಲದಾಗ ಆಲ್ಟ್ ಮತ್ತು ಸ್ಪೇಸ್ ವಿಂಡೋಸ್‌ನ ಪಿತ್ರಾರ್ಜಿತ ಆಸ್ತಿ: ತೆರೆದಿರುವ ಕಿಟಕಿಯ ಮೂಲೆಯಿಂದ ಒಂದು ಹಳೆಯ ಮೆನು ಇಳಿಯುತ್ತದೆ. ಅದರಲ್ಲಿ ಸಿ ಎಂದರೆ ಮುಚ್ಚು. ಬರೆದದ್ದನ್ನು ಉಳಿಸಲೇ ಎಂದು ಆಮೇಲೆ ಬರುವ ಪ್ರಶ್ನೆಗೆ ಎನ್ ಎಂದರೆ ಬೇಡ. ಪ್ರಶ್ನೆಯನ್ನು ನಾನು ಓದಿರಲೇ ಇಲ್ಲ, ಉತ್ತರ ಕೊಟ್ಟಾಗಿತ್ತು. ನಾಲ್ಕು ಪುಟ ಎರಡಕ್ಷರಕ್ಕೆ ಹೋಯಿತು.

ವರದಿಯನ್ನು ಮತ್ತೆ ಬರೆದೆ, ಅಲ್ಪವಿರಾಮವನ್ನೂ ಹುಡುಕಿ ಹಾಕಿದೆ. ಎರಡನೆಯದಕ್ಕೇ ಹೆಚ್ಚು ಹೊತ್ತು ಹಿಡಿಯಿತು.

ಮೊನ್ನೆ ಹೆಂಡತಿ ಏನೋ ಕೂಡಿಸಬೇಕೆಂದು ನನ್ನ ಕಂಪ್ಯೂಟರಿನ ಮುಂದೆ ಕುಳಿತಳು.

“ಇದರಲ್ಲಿ ಕ್ಯಾಲ್ಕುಲೇಟರ್ ಎಲ್ಲಿದೆ ರೀ?”

“ಮೋತಮ ಎಂದು ಟೈಪ್ ಮಾಡು.”

“ಏನೆಂದು?”

“ಮೋತಮ. ಮೊದಲು ವಿಂಡೋಸ್ ಕೀಲಿ, ಸ್ಪೇಸ್ ಒತ್ತಿ ಕನ್ನಡಕ್ಕೆ ಬಾ. ಆಮೇಲೆ ಆಲ್ಟ್ ಒತ್ತು. ಅದು ಅಲ್ಲ, ಅದರ ಪಕ್ಕದ್ದು. ತಡೆ, ಬಂದೆ.”

ನಾನು ಎದ್ದು ಹೋಗುವಷ್ಟರಲ್ಲಿ ಅವಳು ಮಾನಿಟರಿನ ಕೆಳಗಿದ್ದ ಚೀಟಿಯನ್ನು ಕಿತ್ತು, ಅದರ ಹಿಂಬದಿಯಲ್ಲಿ ಪೆನ್ಸಿಲಿನಿಂದ ಲೆಕ್ಕ ಮುಗಿಸಿದ್ದಳು.