ಈ ಚಿತ್ರದ ಅರ್ಥ ಏನು ಸ್ವಾಮಿ?

ಎರಡು ಬಾಗಿಲು. ಒಂದರ ಮೇಲೆ ತ್ರಿಕೋನ, ಇನ್ನೊಂದರ ಮೇಲೆ ವೃತ್ತ. ಅವಸರದಲ್ಲಿ ಓಡಿ ಬಂದವನು ಯಾವುದರೊಳಗೆ ನುಗ್ಗಬೇಕು? ಪೋಲೆಂಡಿನವರಿಗೆ ಇದು ಕಷ್ಟವೇ ಅಲ್ಲ. ಅಲ್ಲಿನ ಶೌಚಾಲಯಗಳಲ್ಲಿ ತ್ರಿಕೋನ ಅಂದರೆ ಗಂಡಸರು, ವೃತ್ತ ಅಂದರೆ ಹೆಂಗಸರು. ಚಿಕ್ಕಂದಿನಿಂದ ನೋಡಿದವರಿಗೆ ಅದು ಬಾಯಿಪಾಠ. ಹೊರಗಿನವನು ಮಾತ್ರ ಶಾಲೆಯ ಜ್ಯಾಮಿತಿಯನ್ನೆಲ್ಲ ನೆನಪು ಮಾಡಿಕೊಳ್ಳುತ್ತಾ ಕಾಲಿಗೆ ಕಾಲು ಕತ್ತರಿ ಹಾಕಿ ನಿಲ್ಲಬೇಕು.

ಇದಕ್ಕಿಂತ ಜಾಣ ವಿನ್ಯಾಸಕಾರರೂ ಇದ್ದಾರೆ. ಒಂದು ಬಾಗಿಲಿಗೆ ಮೀಸೆ, ಇನ್ನೊಂದಕ್ಕೆ ತುಟಿ. ಒಂದಕ್ಕೆ ಟೋಪಿ, ಇನ್ನೊಂದಕ್ಕೆ ಬೀಸಣಿಗೆ. ಮತ್ತೂ ಮುಂದೆ ಹೋದವರು ಎರಡೂ ಬಾಗಿಲಿಗೆ ಒಂದೊಂದು ಗೆರೆ ಎಳೆದು, ಒಂದನ್ನು ಸ್ವಲ್ಪ ಬಳುಕಿಸಿ ಬಿಟ್ಟಿರುತ್ತಾರೆ. ಅದರ ಕೆಳಗೆ ಯಾರೋ ಪುಣ್ಯಾತ್ಮರು ಒಂದು ಬಿಳಿ ಹಾಳೆ ಅಂಟಿಸಿ, ಪೆನ್ನಿನಲ್ಲಿ ‘ಗಂಡಸರಿಗೆ’ ಅಂತ ಬರೆದಿರುತ್ತಾರೆ. ನನ್ನನ್ನು ಕೇಳಿದರೆ, ಇಡೀ ಕಟ್ಟಡದಲ್ಲಿ ಬಹುಮಾನ ಕೊಡಬೇಕಾದ ವಿನ್ಯಾಸ ಆ ಹಾಳೆ ಒಂದೇ.

ಚಿತ್ರ ಬರೆದುಬಿಟ್ಟರೆ ಎಲ್ಲರಿಗೂ ಅರ್ಥವಾಗುತ್ತದೆ ಅನ್ನುವುದು ಓದಿದವರ ಮೂಢನಂಬಿಕೆ. ಈ ದಾರಿ ತೋರಿಸಿದವರು ಪಾಪ, ಒಳ್ಳೆಯವರೇ. 1925ರಲ್ಲಿ ವಿಯೆನ್ನಾದಲ್ಲಿ ಆಟೋ ನ್ಯೂರಾತ್ ಒಂದು ವಸ್ತುಸಂಗ್ರಹಾಲಯ ತೆರೆದರು. ಸಾಮಾನ್ಯ ಜನಕ್ಕೂ ಸಮಾಜದ ಅಂಕಿಅಂಶ ಕಣ್ಣಿಗೆ ಕಾಣಬೇಕು ಅನ್ನುವುದು ಅವರ ಆಸೆ. ಅಂಕಿಗಳ ರಾಶಿಯಿಂದ ಏನು ಹೇಳಬೇಕು ಅಂತ ಆರಿಸುವ ಕೆಲಸ ಮರೀ ರೈಡೆಮೈಸ್ಟರ್ ಅವರದು. ಪುಟ್ಟ ಪುಟ್ಟ ಮನುಷ್ಯರನ್ನು, ಗಾಡಿಗಳನ್ನು ಬರೆದುಕೊಟ್ಟವರು ಗೆರ್ಡ್ ಆರ್ನ್ಟ್ಸ್. ಮುಂದೆ ಈ ಚಿತ್ರಪದ್ಧತಿಗೆ ಐಸೊಟೈಪ್ ಅಂತ ಹೆಸರು ಬಿತ್ತು.

ಇವರದ್ದೊಂದು ನಿಯಮ ಇತ್ತು. ಜನ ಜಾಸ್ತಿ ಅಂತ ತೋರಿಸಬೇಕಾದರೆ ದೊಡ್ಡ ಮನುಷ್ಯನನ್ನು ಬರೆಯಬಾರದು, ಅದೇ ಅಳತೆಯ ಮನುಷ್ಯರನ್ನು ಜಾಸ್ತಿ ಬರೆಯಬೇಕು. ಯಾಕೆ ಅಂದರೆ, ಎರಡು ಪಟ್ಟು ಅಂತ ಹೇಳಲು ಮನುಷ್ಯನ ಎತ್ತರ ಎರಡು ಪಟ್ಟು ಮಾಡಿದರೆ ಅಗಲವೂ ಜೊತೆಗೆ ಬೆಳೆಯುತ್ತದೆ. ಹಾಳೆಯ ಮೇಲೆ ಅವನು ನಾಲ್ಕು ಪಟ್ಟು ಜಾಗ ಹಿಡಿಯುತ್ತಾನೆ. ಈ ಸಣ್ಣ ಗುಟ್ಟು ಇವತ್ತಿನ ಪ್ರಚಾರ ವಿಭಾಗಗಳಿಗೂ ಚೆನ್ನಾಗಿ ಗೊತ್ತು. ಅದಕ್ಕೇ ಅವರು ಸಾಧನೆ ತೋರಿಸುವಾಗ ದೊಡ್ಡ ಮನುಷ್ಯನನ್ನೇ ಬರೆಯುತ್ತಾರೆ.

ಇನ್ನೊಂದು ವಿಷಯ. ನ್ಯೂರಾತ್ ಅವರ ಪಟಗಳಲ್ಲಿ ಶೀರ್ಷಿಕೆ ಇರುತ್ತಿತ್ತು, ಎಲ್ಲಿ ಬೇಕೋ ಅಲ್ಲಿ ನಾಲ್ಕು ಪದವೂ ಇರುತ್ತಿತ್ತು. ಆಮೇಲೆ ಬಂದ ಭಕ್ತರು ಚಿತ್ರ ಇಟ್ಟುಕೊಂಡರು, ಪದ ಬಿಸಾಡಿದರು.

ಒಲಿಂಪಿಕ್ಸ್ ಕತೆ ನೋಡಿ. 1964ರಲ್ಲಿ ಟೋಕಿಯೊಗೆ ಹತ್ತಾರು ಭಾಷೆಯ ಜನ ಬರುವವರಿದ್ದರು. ಕಾತ್ಸುಮಿ ಮಸಾರು ಅವರ ಮುಂದಾಳ್ತನದಲ್ಲಿ ಪ್ರತಿ ಆಟಕ್ಕೂ ಒಂದು ಚಿಹ್ನೆ ಬಂತು. 1972ರ ಮ್ಯೂನಿಕ್‌ಗೆ ಓಟ್ಲ್ ಐಶರ್ ಅದನ್ನು ಎಷ್ಟು ಅಚ್ಚುಕಟ್ಟು ಮಾಡಿದರೆಂದರೆ, 1976ರಲ್ಲಿ ಮಾಂಟ್ರಿಯಲ್‌ನವರು ಅದನ್ನೇ ಅಷ್ಟಿಷ್ಟು ತಿದ್ದಿ ಬಳಸಿಕೊಂಡರು. ಅಲ್ಲಿಗೆ ಕೆಲಸ ಮುಗಿಯಬೇಕಿತ್ತು, ಅಲ್ವಾ? ಓಡುವವನು ಅಂದೂ ಎರಡು ಕಾಲಲ್ಲೇ ಓಡುತ್ತಿದ್ದ, ಇಂದೂ ಎರಡು ಕಾಲಲ್ಲೇ ಓಡುತ್ತಾನೆ. ಆದರೆ ಆಮೇಲಿನ ಆತಿಥೇಯರಿಗೆಲ್ಲ ತಮ್ಮದೇ ಹೊಸ ಓಟಗಾರ ಬೇಕು. 2024ರಲ್ಲಿ ಪ್ಯಾರಿಸ್‌ನವರು ಮನುಷ್ಯನನ್ನೇ ಕಿತ್ತುಹಾಕಿದರು. ಸಲಕರಣೆಗಳನ್ನು ಅತ್ತ ಒಂದು ಇತ್ತ ಒಂದು ಜೋಡಿಸಿ, ಇವು ಚಿಹ್ನೆಗಳಲ್ಲ, ರಾಜಮನೆತನದ ಲಾಂಛನದಂಥವು ಅಂತ ವಿವರಿಸಿದರು. ನೋಡಲು ಚೆಂದ. ಯಾವ ಆಟ ಅಂತ ಮಾತ್ರ ಕೇಳಬಾರದು.

ಅಷ್ಟು ದೂರ ಯಾಕೆ, ಹಾಕಿಕೊಂಡಿರುವ ಅಂಗಿಯ ಕತ್ತುಪಟ್ಟಿಯೊಳಗೆ ನೋಡಿ. ಅಲ್ಲಿ ಚುಚ್ಚುತ್ತಾ ಕೂತಿರುವ ಬಿಳಿ ಪಟ್ಟಿಯ ಮೇಲೆ ಐದಾರು ಚಿತ್ರ ಇರುತ್ತವೆ. ನೀರಿನ ತೊಟ್ಟಿ, ಅದರಲ್ಲೊಂದು ಸಂಖ್ಯೆ: ಇದು ಒಗೆಯುವ ನೀರಿನ ಗರಿಷ್ಠ ಬಿಸಿ. ತೊಟ್ಟಿಯ ಕೆಳಗೆ ಒಂದು ಗೆರೆ ಇದ್ದರೆ ಮೆಲ್ಲಗೆ ಒಗೆಯಿರಿ, ಎರಡು ಗೆರೆ ಇದ್ದರೆ ಇನ್ನೂ ಮೆಲ್ಲಗೆ. ತ್ರಿಕೋನ ಅಂದರೆ ಬ್ಲೀಚ್. (ಪೋಲೆಂಡಿನ ಗಂಡಸರು ಹೆದರಬೇಕಿಲ್ಲ.) ಚೌಕದೊಳಗೆ ವೃತ್ತ ಇದ್ದರೆ ಒಣಗಿಸುವ ಯಂತ್ರ. ಚೌಕದೊಳಗೆ ಒಂದು ನೆಟ್ಟನೆ ಗೆರೆ ಇದ್ದರೆ ತೂಗುಹಾಕಿ. ಎರಡು ನೆಟ್ಟನೆ ಗೆರೆ ಇದ್ದರೆ ಹಿಂಡದೆ, ನೀರು ಸೋರುವಂತೆ ತೂಗುಹಾಕಿ. ಗೆರೆ ಅಡ್ಡ ಇದ್ದರೆ ಹಾಸಿ ಒಣಗಿಸಿ. ಮೂಲೆಯಲ್ಲಿ ಓರೆ ಗೆರೆ ಇದ್ದರೆ ನೆರಳಿನಲ್ಲಿ. ಬರೀ ವೃತ್ತದೊಳಗೆ ಒಂದು ಅಕ್ಷರ ಇದ್ದರೆ ಅದು ನಿಮಗಲ್ಲ, ಡ್ರೈಕ್ಲೀನಿಂಗ್‌ನವನಿಗೆ.

ಈ ಲಿಪಿಯನ್ನು ನೋಡಿಕೊಳ್ಳಲೆಂದೇ 1963ರಿಂದ ಪ್ಯಾರಿಸ್‌ನಲ್ಲಿ ಜಿನೆಟೆಕ್ಸ್ ಎಂಬ ಸಂಸ್ಥೆ ಇದೆ. ಚಿಹ್ನೆಗಳು ಅದರ ನೋಂದಾಯಿತ ಟ್ರೇಡ್‌ಮಾರ್ಕ್. ಅಂದರೆ ಯಾರಿಗೂ ಓದಲು ಬರದ ಲಿಪಿಯನ್ನು ಯಾರೂ ಕದಿಯದಂತೆ ಕಾಪಾಡಲಾಗಿದೆ. ‘ನೆರಳಿನಲ್ಲಿ ಒಣಗಿಸಿ’ ಅಂತ ಬರೆದಿದ್ದರೆ ಎರಡೇ ಪದ. ಹತ್ತು ಭಾಷೆಯಲ್ಲಿ ಬರೆಯಲು ಜಾಗ ಇಲ್ಲ ಅನ್ನುತ್ತಾರೆ, ನಿಜ. ಆದರೆ ಹತ್ತೂ ಭಾಷೆಯವರನ್ನು ಸಮಾನವಾಗಿ ತಬ್ಬಿಬ್ಬು ಮಾಡುವುದಕ್ಕೆ ಆ ಸಣ್ಣ ಪಟ್ಟಿಯೇ ಸಾಕಾಗಿದೆ. ಜನ ಏನು ಮಾಡುತ್ತಾರೆ? ಪಟ್ಟಿ ಚುಚ್ಚುತ್ತದೆ ಅಂತ ಕತ್ತರಿಯಲ್ಲಿ ಕತ್ತರಿಸಿ ಬಿಸಾಡುತ್ತಾರೆ.

ಲೋಗೋಗಳ ಜಗತ್ತಿನಲ್ಲಿ ಈ ಸಮಸ್ಯೆಗೆ ಬೇರೆ ಪರಿಹಾರ ಇದೆ. ಚಿತ್ರದ ಜೊತೆ ಪುಸ್ತಕವನ್ನೂ ಕೊಡುವುದು. 1986ರಲ್ಲಿ ಸ್ಟೀವ್ ಜಾಬ್ಸ್ ಅವರ ನೆಕ್ಸ್ಟ್ ಕಂಪನಿಗೆ ಪಾಲ್ ರ‍್ಯಾಂಡ್ ಒಂದೇ ಒಂದು ಲೋಗೋ ಮಾಡಿಕೊಟ್ಟರು, ಒಂದು ಲಕ್ಷ ಡಾಲರ್ ತೆಗೆದುಕೊಂಡರು. ಅದು ಹೇಗೆ ಹುಟ್ಟಿತು, ಯಾಕೆ ಓರೆಯಾಗಿದೆ ಅಂತ ವಿವರಿಸುವ ಪುಸ್ತಕವೂ ಜೊತೆಗಿತ್ತು. 1971ರಲ್ಲಿ ಕ್ಯಾರೊಲಿನ್ ಡೇವಿಡ್‌ಸನ್ ಎಂಬ ವಿದ್ಯಾರ್ಥಿನಿ ನೈಕಿಗೆ ಮಾಡಿಕೊಟ್ಟ ಗೀಟಿಗೆ ಸಿಕ್ಕಿದ್ದು 35 ಡಾಲರ್. ಪುಸ್ತಕ ಬರೆಯದಿದ್ದರೆ ಹೀಗೇ ಆಗುವುದು. ಇನ್ನು 2010ರಲ್ಲಿ ಗ್ಯಾಪ್ ಕಂಪನಿ ಹಳೆ ಲೋಗೋ ತೆಗೆದು ಹೊಸದು ಹಾಕಿತು. ಜನ ಎಷ್ಟು ಆಡಿಕೊಂಡರೆಂದರೆ ಒಂದೇ ವಾರದೊಳಗೆ ಹಳೆಯದೇ ವಾಪಸ್ ಬಂತು.

ಈ ಗುಂಪಿನಲ್ಲಿ ಪ್ರಾಮಾಣಿಕವಾದದ್ದು ಒಂದೇ ಒಂದು ಚಿತ್ರ. ಆಸ್ಪತ್ರೆಯ ಕಸದ ಚೀಲದ ಮೇಲೆ ಮೂರು ಕೊಂಬು ಹೆಣೆದುಕೊಂಡಂತೆ ಇರುತ್ತದಲ್ಲ, ಜೈವಿಕ ಅಪಾಯದ ಚಿಹ್ನೆ, ಅದು. 1966ರಲ್ಲಿ ಡೌ ಕೆಮಿಕಲ್ ಕಂಪನಿಯಲ್ಲಿ ಅದನ್ನು ಮಾಡಿದ ಚಾರ್ಲ್ಸ್ ಬಾಲ್ಡ್‌ವಿನ್ ಮತ್ತು ಅವರ ಜೊತೆಗಾರರು ಹುಡುಕುತ್ತಿದ್ದುದೇ ಚೆನ್ನಾಗಿ ನೆನಪಿನಲ್ಲಿ ಉಳಿಯುವ, ಆದರೆ ಏನೇನೂ ಅರ್ಥವಿಲ್ಲದ ಆಕಾರವನ್ನು. ಅರ್ಥವನ್ನು ಆಮೇಲೆ ಕಲಿಸಿದರಾಯಿತು ಅನ್ನುವ ಲೆಕ್ಕ. ಚಿತ್ರ ತಾನಾಗಿ ಮಾತಾಡುವುದಿಲ್ಲ ಅಂತ ಒಪ್ಪಿಕೊಂಡೇ ಕೆಲಸ ಶುರು ಮಾಡಿದವರು ಇವರು. ಜನರಿಗೆ ತೋರಿಸಿ, ಕೇಳಿ, ಆಮೇಲೆ ಆರಿಸಿದರು. ಹೀಗೆ ಕೇಳುವುದು ಈ ಕಸುಬಿನಲ್ಲಿ ಅಷ್ಟೇನೂ ಮರ್ಯಾದೆಯ ಕೆಲಸ ಅಲ್ಲ.

ವಿಕಿರಣದ ಮೂರು ದಳದ ಚಿಹ್ನೆ 1946ರದು. ಅದು ಅಪಾಯ ಅಂತ ಹೊರಗಿನವರಿಗೆ ಹೊಳೆಯುವುದಿಲ್ಲ ಅಂತ ಒಪ್ಪಿಕೊಳ್ಳಲು 2007ರ ತನಕ ಬೇಕಾಯಿತು. ಆಗ ಬಂದ ಹೊಸ ಚಿಹ್ನೆಯನ್ನು 11 ದೇಶಗಳಲ್ಲಿ ಜನರಿಗೆ ತೋರಿಸಿ ನೋಡಿದರು. ಹಳೆಯ ದಳಗಳಿಂದ ಅಲೆ ಬರುತ್ತಿದೆ, ಕೆಳಗೆ ತಲೆಬುರುಡೆ, ಪಕ್ಕದಲ್ಲಿ ಓಡಿಹೋಗುವ ಮನುಷ್ಯ. ಏನೂ ಓದದವನೂ ಓಡುತ್ತಾನೆ.

ಅಷ್ಟಕ್ಕೆ ಬಿಟ್ಟರೆ ಸಮಿತಿಗಳು ಯಾಕೆ ಬೇಕು? 1981ರಲ್ಲಿ ಅಮೆರಿಕದಲ್ಲಿ ಒಂದು ಕಾರ್ಯಪಡೆ ಕೂತಿತು. ಅಣುತ್ಯಾಜ್ಯ ಹೂತಿಟ್ಟ ಜಾಗವನ್ನು ಅಗೆಯಬೇಡಿ ಅಂತ ಇನ್ನು 10,000 ವರ್ಷಗಳ ತನಕ ಬರುವ ಜನಕ್ಕೆ ಹೇಗೆ ತಿಳಿಸುವುದು? ಪಕ್ಕದ ದೇಶದಿಂದ ಬಂದವನಿಗೆ ಶೌಚಾಲಯ ತೋರಿಸಲು ಆಗದವರು 10,000 ವರ್ಷ ಆಚೆಗೆ ಕೈ ಹಾಕಿದ್ದರು. ಚಿಹ್ನೆಗಳ ಶಾಸ್ತ್ರದಲ್ಲೇ ಜೀವ ಸವೆಸಿದ ಥಾಮಸ್ ಸೆಬೆಯೊಕ್ ಅವರಿಗೂ ಯಾವ ಚಿಹ್ನೆಯ ಮೇಲೂ ಪೂರ್ತಿ ಭರವಸೆ ಇರಲಿಲ್ಲ. ಅವರ ಸಲಹೆಯಲ್ಲಿ ಒಂದು, ಅಣು ಪುರೋಹಿತವರ್ಗ. ಭೌತವಿಜ್ಞಾನಿಗಳು, ಭಾಷಾತಜ್ಞರು, ಚಿಹ್ನಾತಜ್ಞರು ಸೇರಿದ ಒಂದು ಗುಂಪು. ಮುಂದಿನ ಸದಸ್ಯರನ್ನು ಅವರೇ ಆರಿಸಿಕೊಳ್ಳಬೇಕು. ಪ್ರತಿವರ್ಷ ಆಚರಣೆ ನಡೆಸಿ, ಕಟ್ಟುಕತೆ ಹಬ್ಬಿಸಿ, ಆ ಜಾಗದ ಹತ್ತಿರ ಯಾರೂ ಸುಳಿಯದಂತೆ ನೋಡಿಕೊಳ್ಳಬೇಕು. ಸಮಿತಿಯೊಂದು ತನಗೇ 10,000 ವರ್ಷದ ಕೆಲಸ ಮಂಜೂರು ಮಾಡಿಕೊಂಡ ಉದಾಹರಣೆ ನನಗೆ ಬೇರೆ ಸಿಕ್ಕಿಲ್ಲ.

1984ರಲ್ಲಿ ಫ್ರಾನ್ಸ್ವಾಸ್ ಬಾಸ್ಟೀಡ್ ಮತ್ತು ಪಾವೊಲೊ ಫಾಬ್ರಿ ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ವಿಕಿರಣ ಇದ್ದಲ್ಲಿ ಮೈಬಣ್ಣ ಬದಲಾಗುವ ಬೆಕ್ಕಿನ ತಳಿಯನ್ನು ಬೆಳೆಸೋಣ ಅಂದರು. ಬೆಕ್ಕು ಬಣ್ಣ ಬದಲಿಸಿದರೆ ಓಡಬೇಕು ಅಂತ ಗಾದೆ, ಪುರಾಣ ಕಟ್ಟಿ ಜನರ ಬಾಯಲ್ಲಿ ಉಳಿಸಬೇಕು. ನನಗೇನೋ ಈ ಸಲಹೆ ಬಹಳ ಹಿಡಿಸಿದೆ. ಬೆಕ್ಕು ಯಾವ ಬಣ್ಣಕ್ಕೆ ತಿರುಗಬೇಕು ಅನ್ನುವುದಕ್ಕೆ ಮಾತ್ರ ದಯವಿಟ್ಟು ಟೆಂಡರ್ ಕರೆಯಬೇಡಿ.